ಗಂಜ್ ಗೋಡೆಯ ಕಾಗದದ ಜಂಪರುಗಳು

ಸಿನಿಮಾ ಪೋಸ್ಟರಿನ ಹೆಣ್ಣುಗಳಿಗೆ ಕಾಗದದ ಜಂಪರ್, ಅಂದರೆ ರವಿಕೆ, ತೊಡಿಸುವ ಕೆಲಸವನ್ನು ನಾನು ಹುಮನಾಬಾದಿನಲ್ಲಿ ಹಲವು ವರ್ಷ ಮಾಡಿದ್ದೇನೆ. ಈ ಮಾತನ್ನು ನಗದೆ ಹೇಳಲು ಪ್ರಯತ್ನಿಸುತ್ತೇನೆ, ಏಕೆಂದರೆ ಆ ಕಾಲದಲ್ಲಿ ನಾವು ಯಾರೂ ನಕ್ಕಿರಲಿಲ್ಲ.

ನಾನು ಬಸವಕಲ್ಯಾಣದಲ್ಲಿ ಕಾಲೇಜು ಓದಿದವಳು. ಅಲ್ಲಿ ಚರ್ಚಾಸ್ಪರ್ಧೆಯ ಪ್ರತಿ ಭಾಷಣವೂ 'ಈ ಶರಣರ ನೆಲದಲ್ಲಿ' ಎಂದೇ ಆರಂಭವಾಗಬೇಕೆಂಬ ವಾಡಿಕೆಯಿತ್ತು. ತೀರ್ಪುಗಾರರು ಆ ಮಾತು ಕೇಳಿದೊಡನೆ ಗಡಿಯಾರ ನೋಡಿಕೊಳ್ಳುತ್ತಿದ್ದರು. ವಿಷಯದ ಪರವಾಗಿಯೂ ವಿರೋಧವಾಗಿಯೂ ಒಂದೇ ಬಿಸಿಯಲ್ಲಿ ಮಾತನಾಡುವುದನ್ನು ಅಲ್ಲಿ ಕಲಿತೆ. ತೊಂಬತ್ತರ ದಶಕದ ಆರಂಭದಲ್ಲಿ ಹುಮನಾಬಾದಿನ ಒಂದು ಹೆಣ್ಣುಮಕ್ಕಳ ಶಾಲೆಗೆ ಶಿಕ್ಷಕಿಯಾಗಿ ಬಂದಾಗ, ಕಲಿತ ವಿದ್ಯೆಯನ್ನು ಪ್ರಯೋಗಿಸಲು ಸಮಾಜವೊಂದು ಬೇಕಾಗಿತ್ತು. ಅದು ಶಾಲೆಯ ಎದುರಿನ ಗೋಡೆಯ ಮೇಲೆಯೇ ಸಿಕ್ಕಿತು.

ಹೆದ್ದಾರಿಯ ಪಕ್ಕದ ಟಾಕೀಸಿನಲ್ಲಿ ಮಾರ್ನಿಂಗ್ ಶೋ ಎಂಬ ಪ್ರತ್ಯೇಕ ವ್ಯವಹಾರವಿತ್ತು. ಲಾರಿ ನಿಲ್ಲಿಸಿದ ಚಾಲಕರು, ರಾತ್ರಿ ಪಾಳಿ ಮುಗಿಸಿದ ಕಾರ್ಖಾನೆಯ ಕಾರ್ಮಿಕರು, ಕಾಲೇಜಿಗೆಂದು ಮನೆಯಿಂದ ಹೊರಟವರು, ಇವರೇ ಅದರ ಪ್ರೇಕ್ಷಕರು. ಆ ಚಿತ್ರಗಳ ಅರೆಬತ್ತಲೆ ಪೋಸ್ಟರನ್ನು ಬಸ್ ನಿಲ್ದಾಣದಲ್ಲಿ, ಕಾಳಿನ ಮಾರುಕಟ್ಟೆಯಾದ ಗಂಜಿನ ಗೋಡೆಯ ಮೇಲೆ ಮತ್ತು ನಮ್ಮ ಶಾಲೆಯ ಎದುರಿಗೆ ಅಂಟಿಸುತ್ತಿದ್ದರು. ನಮ್ಮ ಹುಡುಗಿಯರು ತಲೆ ತಗ್ಗಿಸಿಕೊಂಡು ಶಾಲೆಗೆ ಬರುತ್ತಿದ್ದರು. ಶಿಸ್ತಿನ ಶಾಲೆ ಎಂದು ಊರು ಹೊಗಳುತ್ತಿತ್ತು; ನಿಜವಾದ ಕಾರಣ ಎದುರಿನ ಗೋಡೆಯಾಗಿತ್ತು.

ನಾವು ಕೆಲವು ಹೆಂಗಸರು ಸೇರಿ ಸಂಘ ಕಟ್ಟಿದೆವು. ಪ್ರತಿ ಭಾನುವಾರ ಒಬ್ಬ ಹೊಲಿಗೆಯಾಕೆಯ ಅಂಗಡಿಯಲ್ಲಿ ಸಭೆ. ಆಕೆಯನ್ನು ಊರೆಲ್ಲ ಆಪಾ ಎನ್ನುತ್ತಿತ್ತು. ಮುಸ್ಲಿಂ ಮನೆತನದ, ಐದು ಹೊತ್ತಿನ ನಮಾಜಿನ, ಕತ್ತರಿಯಷ್ಟೇ ಹರಿತವಾದ ನಾಲಗೆಯ ಹೆಂಗಸು. ಪೋಸ್ಟರ್ ಹರಿದು ಹಾಕೋಣ ಎಂದವರಿಗೆ ನಾನು 'ಹರಿಯುವುದು ಹಿಂಸೆ, ಮುಚ್ಚುವುದು ಸುಧಾರಣೆ' ಎಂಬ ಘೋಷಣೆಯನ್ನು ಕೊಟ್ಟೆ. ಎಲ್ಲರೂ ತಲೆಯಾಡಿಸಿದರು. ಆಪಾ ಮಾತ್ರ "ಮುಚ್ಚೂದಾದ್ರ ಅಳತಿ ಪ್ರಕಾರ ಮುಚ್ಚಬೇಕ್ರಿ, ಗೋಣಿ ಹೊಚ್ಚಿದಂಗ ಅಲ್ಲ" ಎಂದಳು. ಹಾಗಾಗಿ ನಾವು ಪೋಸ್ಟರಿಗೆ ಬಣ್ಣ ಬಳಿಯದೆ, ಕಾಗದದಲ್ಲಿ ಜಂಪರ್ ಕತ್ತರಿಸಿ, ತೋಳು, ಕೊರಳು ಎಲ್ಲ ಇಟ್ಟು ತೊಡಿಸುವ ಪದ್ಧತಿ ರೂಢಿಗೆ ಬಂತು.

ಮೊದಲು ಹಳೆಯ ದಿನಪತ್ರಿಕೆಯಲ್ಲಿ ಕತ್ತರಿಸಿದೆವು. ಗಂಡಸರು ಪೋಸ್ಟರಿನ ಮುಂದೆ ನಿಂತು ಸುದ್ದಿ ಓದತೊಡಗಿದರು. ಮೊದಲು ಕಳ್ಳನೋಟ ಬೀರಿ ಹೋಗುತ್ತಿದ್ದವರು ಈಗ ಕನ್ನಡಕ ಹಾಕಿಕೊಂಡು, ನಟಿಯ ಎದೆಯ ಮೇಲಿನ ವಿಧಾನಸಭೆಯ ಕಲಾಪವನ್ನು ಸಾವಕಾಶವಾಗಿ ಮುಗಿಸಿ ಮುಂದೆ ಹೋಗುತ್ತಿದ್ದರು. ತಕ್ಷಣ ಗಾಳಿಪಟದ ಬಣ್ಣದ ಕಾಗದಕ್ಕೆ ಬದಲಾದೆವು. ಆಗ ಗಂಜಿನ ದನಗಳು ಬಂದು, ನಾವು ಅಂಟಾಗಿ ಬಳಸಿದ್ದ ಅನ್ನದ ಗಂಜಿಯ ವಾಸನೆಗೆ ಜಂಪರುಗಳನ್ನು ಮಾತ್ರ ನೆಕ್ಕಿ ತಿಂದು ಹೋದವು. ಅಂಟಿಗೆ ಮೈಲುತುತ್ತ ಬೆರೆಸಿದರೆ ದನ ಮೂಸುವುದಿಲ್ಲವೆಂಬುದನ್ನು ನಮಗೆ ಕಲಿಸಿದವನು, ಪೋಸ್ಟರ್ ಅಂಟಿಸುವ ಟಾಕೀಸಿನ ಆಳೇ. ಎರಡೂ ಪಕ್ಷಗಳಿಗೆ ಒಂದೇ ಅಂಟು ಸಾಕಾಯಿತು.

ಸಮಾನತೆಯ ವಿಷಯದಲ್ಲಿ ನಾನು ರಾಜಿಯಿಲ್ಲದವಳು. ನಾಯಕನ ಬರಿಯ ಎದೆಗೂ ಅಂಗಿ ತೊಡಿಸಬೇಕೆಂದು ವಾದಿಸಿ ಒಂದು ಸಲ ತೊಡಿಸಿಯೂ ಬಿಟ್ಟೆವು. ಟಾಕೀಸಿನ ಮ್ಯಾನೇಜರ್ ಠಾಣೆಗೆ ಹೋದ. ಠಾಣೆಯ ಸಾಹೇಬರು ಚಹಾ ಕುಡಿಸಿ ಒಂದು ಕರಾರು ಮಾಡಿಸಿದರು: ಸಂಘದವರು ಪೋಸ್ಟರ್ ಹರಿಯಬಾರದು, ಹೆಂಗಸರ ಚಿತ್ರಗಳನ್ನು ಮುಚ್ಚಬಹುದು, ಗಂಡಸರ ಚಿತ್ರಗಳನ್ನು ಮುಟ್ಟಬಾರದು. ಇದು ಎಷ್ಟು ಸ್ಪಷ್ಟವಾದ ಕರಾರೆಂದರೆ, ಇದರಲ್ಲಿ ತಕರಾರಿಗೆ ಜಾಗವೇ ಇಲ್ಲವೆಂದು ನಾನು ಅಂದು ಮನೆಗೆ ಬಂದು ಸ್ವಲ್ಪ ಬೇಸರಪಟ್ಟೆ.

ಜಾಗ ಬೇಗನೆ ಸಿಕ್ಕಿತು. ಒಂದು ಹೊಸ ಚಿತ್ರದ ಪೋಸ್ಟರಿನಲ್ಲಿ ಇಬ್ಬರು ನಾಯಕಿಯರ ಪಕ್ಕದಲ್ಲಿ ಮೂರನೆಯದೊಂದು ಆಕೃತಿಯಿತ್ತು. ಗುಂಡಗಿನ ನಟನೊಬ್ಬ ಹಿಜಡಾ ವೇಷದಲ್ಲಿ, ಸೀರೆಯ ಸೆರಗು ಜಾರಿಸಿ, ಎದೆಗೆ ಒಂದು ಪಟ್ಟಿ ಕಟ್ಟಿ, ಹೊಟ್ಟೆ ಬಿಟ್ಟುಕೊಂಡು, ಅಂಗೈಗಳನ್ನು ಅಡ್ಡವಾಗಿ ಬಡಿಯುತ್ತ ಬಾಯಿ ತೆರೆದು ನಿಂತಿದ್ದ. ಆ ಕಾಲದ ಮಾರ್ನಿಂಗ್ ಶೋಗಳಲ್ಲಿ ಇಂಥ ಪಾತ್ರಕ್ಕೆ ಒಂದೇ ಕೆಲಸ: ಎರಡು ಬಿಸಿ ದೃಶ್ಯಗಳ ನಡುವೆ ಬಂದು, ಖಳನಾಯಕನ ಮೈಮೇಲೆ ಬಿದ್ದು, ಒದೆಸಿಕೊಂಡು ನಗಿಸಿ ಹೋಗುವುದು. ನಾವು ಕರಾರಿನಂತೆ ಇಬ್ಬರು ನಾಯಕಿಯರಿಗೆ ಗುಲಾಬಿ ಮತ್ತು ಹಳದಿ ಜಂಪರ್ ತೊಡಿಸಿದೆವು. ಮೂರನೆಯದನ್ನು ಗಂಡಸೆಂದು ಲೆಕ್ಕ ಹಿಡಿದು ಮುಟ್ಟದೆ ಬಂದೆವು.

ಮುಂದಿನ ಭಾನುವಾರ ಆಪಾಳ ಅಂಗಡಿಯ ಹೊಸ್ತಿಲಲ್ಲಿ ಒಂದು ನೆರಳು ಬಿತ್ತು. ಗಂಜಿನಲ್ಲಿ ಎಲ್ಲರೂ ಮೌಸಿ ಎಂದು ಕರೆಯುತ್ತಿದ್ದವಳು. ಹುಟ್ಟಿದಾಗ ಗಂಡುಮಗುವೆಂದು ಸಕ್ಕರೆ ಹಂಚಿದ್ದರಂತೆ. ಉಳಿದ ಆಯುಷ್ಯವನ್ನೆಲ್ಲ ಹೆಣ್ಣಾಗಿ ಬದುಕಿದವಳು. ಮದುವೆಯ ಮನೆ, ಹೊಸ ಕೂಸಿನ ಮನೆಗಳಿಗೆ ಹೋಗಿ ಹರಸುತ್ತಿದ್ದಳು. ಪ್ರತಿ ಗುರುವಾರ ಗಂಜಿನ ಅಡತ್ ಅಂಗಡಿಗಳನ್ನು, ಅಂದರೆ ದಲ್ಲಾಳಿ ಮಂಡಿಗಳನ್ನು, ಚಪ್ಪಾಳೆ ತಟ್ಟಿ ಕಾಸು ಕೇಳುತ್ತ ಒಂದೊಂದಾಗಿ ಸುತ್ತುತ್ತಿದ್ದಳು. ಎತ್ತರದ ಆಳು, ಹಣೆಯ ತುಂಬ ಕುಂಕುಮ, ಮೊಣಕೈವರೆಗೆ ಹಸಿರು ಬಳೆ.

"ಟೀಚರ್ ಬಾಯಿ, ನಿಮ್ಮ ಸಂಘದಾಗ ನಂದೊಂದು ತಕರಾರು ಅದ."

"ಹೇಳ್ರಿ" ಎಂದೆ.

"ಗಂಜ್ ಗೋಡಿ ಮ್ಯಾಲ ಮೂರು ಮಂದಿ ಹೆಣ್ಮಕ್ಳು ನಿಂತಾರ. ಇಬ್ಬರಿಗಿ ಜಂಪರ್ ತೊಡಿಸೀರಿ. ಮೂರನೇದಾಕಿ ಏನ್ ಪಾಪ ಮಾಡ್ಯಾಳ?"

ಸಂಘದ ಹಿರಿಯಳೊಬ್ಬಳು ಮೆಲ್ಲಗೆ ಅಂದಳು: "ಅಂವ ಗಂಡಸಲ್ಲೇನ? ಮೀಸಿ ಬೋಳಿಸಿದ ಕಲಿ ಕಾಣ್ತದ."

"ಕಲಿ ನನ್ನ ಮಕದಾಗೂ ಅದ, ಅವ್ವಾ. ನಿಮ್ಮ ಮೊಮ್ಮಗನಿಗಿ ಹರಸಾಕ ಬಂದಾಗ ನೋಡಿಲ್ಲೇನು? ಆವತ್ತು ಕಾಲಿಗಿ ಬಿದ್ರಿ."

ಹಿರಿಯಳು ಸೆರಗು ಸರಿಪಡಿಸಿಕೊಂಡಳು. ಮೌಸಿ ಒಳಗೆ ಬರಲಿಲ್ಲ. ಹೊಸ್ತಿಲ ಮೇಲೆಯೇ ಕುಳಿತು ವಿಷಯ ವಿವರಿಸಿದಳು. ಗುರುವಾರ ಗಂಜಿಗೆ ಹೋದರೆ ಅಂಗಡಿಗಳ ಗುಮಾಸ್ತರು ಮೊದಲು ಗೋಡೆ ನೋಡುತ್ತಾರೆ, ಆಮೇಲೆ ಆಕೆಯನ್ನು ನೋಡುತ್ತಾರೆ. ಸಿನಿಮಾದಲ್ಲಿ ಆ ಪಾತ್ರ ಆಡಿದ ಮಾತನ್ನೇ ಆಕೆಯ ಮೇಲೆ ಎಸೆಯುತ್ತಾರೆ.

"ಮೊದಲ ಮೂರು ಮಂದೀನೂ ಬತ್ತಲಿ ಇದ್ರು. ನೋಡಾವರ ಕಣ್ಣು ಮೂರು ಕಡಿ ಹಂಚಿ ಹೋಗ್ತಿತ್ತು. ನೀವು ಬಂದು ಇಬ್ಬರಿಗಿ ಇಜ್ಜತ್ ಕೊಟ್ರಿ. ಈಗ ಗೋಡಿ ಮ್ಯಾಲ ಬತ್ತಲಿ ಉಳದಾಕಿ ನಾ ಒಬ್ಬಾಕಿನೇ. ನಿಮ್ಮ ಸುಧಾರಣಿ ನನ್ನ ಮ್ಯಾಲ ಬಂದು ಕುಂತದ, ಟೀಚರ್ ಬಾಯಿ."

ಚರ್ಚಾಸ್ಪರ್ಧೆಯಲ್ಲಿ ಇಂಥ ಮಾತಿಗೆ ಉತ್ತರಿಸಲು ಅರ್ಧ ನಿಮಿಷ ಕೊಡುತ್ತಾರೆ. ನಾನು ಅದನ್ನು ಪೂರ್ತಿಯಾಗಿ ಬಳಸಿಕೊಂಡು, ವಿಷಯವನ್ನು ಸಭೆಯ ಮುಂದಿಟ್ಟೆ. ವಿರೋಧ ಬಂದದ್ದು ಆಪಾಳಿಂದ.

"ಗಂಡಸರಿಗಿ ಜಂಪರ್ ನಾ ಕತ್ತರಿಸಲ್ಲ. ನನ್ನ ಕತ್ರಿಗೂ ಶರಮ್ ಅದ."

"ನನ್ನ ಜಂಪರ್ ಯಾರು ಹೊಲೀತಾರ, ಆಪಾ?" ಎಂದಳು ಮೌಸಿ.

ಎಲ್ಲರೂ ಗೋಡೆಯ ಗೂಟದತ್ತ ನೋಡಿದೆವು. ಮೌಸಿಯ ಹಸಿರು ಜಂಪರೊಂದು ತೋಳು ಸಡಿಲಿಸಲೆಂದು ಬಂದು ಅಲ್ಲಿಯೇ ತೂಗುತ್ತಿತ್ತು. ಆಪಾ ವರ್ಷಗಳಿಂದ ಆಕೆಗೆ ಹೊಲಿಯುತ್ತಿದ್ದಳು.

"ನಿಂದು ಬ್ಯಾರೆ" ಎಂದಳು ಆಪಾ. "ನೀ ಗಿರಾಕಿ. ಅಂವ ಚಿತ್ರ."

ತರ್ಕಶಾಸ್ತ್ರದಲ್ಲಿ ಇದಕ್ಕೆ ಏನೆನ್ನುತ್ತಾರೋ ತಿಳಿಯದು, ಆದರೆ ಸಂಘದ ಅರ್ಧಕ್ಕರ್ಧ ಜನಕ್ಕೆ ಒಪ್ಪಿಗೆಯಾಯಿತು. ಉಳಿದವರಿಗೆ ಕರಾರಿನ ಭಯ. ಆ ಚಿತ್ರಕ್ಕೆ ಜಂಪರ್ ತೊಡಿಸಿದರೆ ಮ್ಯಾನೇಜರ್ ಮತ್ತೆ ಠಾಣೆಗೆ ಹೋಗುತ್ತಾನೆ, ಹೆಣ್ಣುಗಳ ಚಿತ್ರಕ್ಕೂ ಕಾಗದ ಹಚ್ಚದಂತೆ ಮಾಡುತ್ತಾನೆ. ಕೊನೆಗೆ, ಮ್ಯಾನೇಜರ್ ಸ್ವತಃ ಒಪ್ಪಿದರೆ ಕತ್ತರಿ ಎತ್ತುವುದಾಗಿ ಆಪಾ ಹೇಳಿದಳು. ಅವನು ಒಪ್ಪುವುದಿಲ್ಲವೆಂಬ ಭರವಸೆಯಿಂದಲೇ ಹೇಳಿದಳು.

ಮರುದಿನ ಶಾಲೆಯ ಊಟದ ವಿರಾಮದಲ್ಲಿ ನಾನು, ಮೌಸಿ ಮತ್ತು ಸಾಕ್ಷಿಗೆಂದು ಆಪಾ ಟಾಕೀಸಿಗೆ ಹೋದೆವು. ಮಾರ್ನಿಂಗ್ ಶೋ ಬಿಟ್ಟು ಜನ ಹೊರಬರುತ್ತಿದ್ದರು. ನನ್ನನ್ನು ಕಂಡು ಒಂದಿಬ್ಬರು ವಿದ್ಯಾರ್ಥಿನಿಯರ ತಂದೆಯರು ಮತ್ತೆ ಒಳಗೆ ಹೋದರು. ಮ್ಯಾನೇಜರ್ ಪಾನ್ ಜಗಿಯುತ್ತ ಕುರ್ಚಿ ತರಿಸಿದ; ಎರಡೇ ಕುರ್ಚಿ ಬಂದವು. ಮೌಸಿ ನಿಂತೇ ಇದ್ದಳು. ಹಾಗಾಗಿ ನಾನೂ ನಿಂತೆ. ಆಪಾಳಿಗೆ ಮೊಣಕಾಲು ನೋವು, ಆಕೆ ಕುಳಿತಳು.

"ಕರಾರು ಅಂದ್ರ ಕರಾರ್ರಿ, ಬಾಯಿ" ಎಂದ ಮ್ಯಾನೇಜರ್. "ಗಂಡಸರ ಚಿತ್ರ ಮುಟ್ಟಂಗಿಲ್ಲ ಅಂತ ಸಾಹೇಬ್ರ ಮುಂದ ಒಪ್ಪೀರಿ."

"ಅದು ಗಂಡಸಿನ ಚಿತ್ರ ಅಂತ ಯಾರು ಹೇಳಿದ್ರು?" ಎಂದೆ.

"ಎಲ್ಲಾರಿಗೂ ಮಾಲೂಮ್ ಅದ. ಆ ನಟಗ ಮನ್ಯಾಗ ಹೆಂಡ್ತಿ ಅದಾಳ, ಮಕ್ಕಳು ಅದಾವ."

"ನಾವು ನಟನಿಗೆ ತೊಡಿಸುವುದಿಲ್ಲ, ಪಾತ್ರಕ್ಕೆ ತೊಡಿಸುತ್ತೇವೆ. ನಿಮ್ಮ ಹೀರೋ ಪೋಸ್ಟರಿನಲ್ಲಿ ಪೊಲೀಸ್ ಅಂಗಿ ಹಾಕಿ ನಿಂತಿದ್ದಾನೆ. ನೀವು ಅವನ ಹತ್ತಿರ ಕಳವಿನ ದೂರು ಕೊಡುತ್ತೀರಾ?"

"ಅದ ನಾನೂ ಹೇಳಾಕತ್ತೇನಿ. ಅಂವ ಪೊಲೀಸೂ ಅಲ್ಲ, ಇಂವ ಹೆಂಗಸೂ ಅಲ್ಲ."

ಇದು ನನ್ನ ವಾದವನ್ನು ಸುಲಭವಾಗಿ ಮಗುಚಿ ಹಾಕಿದ ಮಾತು. ಆಪಾ ಕುರ್ಚಿಯಿಂದ ಮೆಚ್ಚುಗೆಯ ಹೂಂಕಾರ ಕೊಟ್ಟಳು. ಚರ್ಚೆಯಲ್ಲಿ ತತ್ತ್ವ ಸೋತಾಗ ಎದುರಾಳಿಯ ನಡವಳಿಕೆಯನ್ನು ಹಿಡಿಯಬೇಕೆಂದು ನಮಗೆ ಕಲಿಸಿದ್ದರು. ಟಾಕೀಸಿನ ಮುಂಭಾಗದಲ್ಲಿ ಎರಡು ಟಿಕೆಟ್ ಕಿಟಕಿಗಳಿದ್ದವು, ಗಂಡಸರಿಗೊಂದು, ಹೆಂಗಸರಿಗೊಂದು. ಬೆಳಗಿನ ಆಟಕ್ಕೆ ಹೆಂಗಸರು ಬರುವುದಿಲ್ಲವಾದ್ದರಿಂದ ಎರಡನೆಯದು ಮುಚ್ಚಿಯೇ ಇರುತ್ತಿತ್ತು. ಆದರೂ ಅದರ ಕೆಳಗೆ ಹೊಸ ಪಾನಿನ ಕಲೆಯಿತ್ತು. ಮೌಸಿಯ ತುಟಿಯೂ ಕೆಂಪಗಿತ್ತು.

"ಮೌಸಿ ಸಿನಿಮಾಕ್ಕೆ ಬರುತ್ತಾಳೇನು?" ಎಂದು ಕೇಳಿದೆ.

"ಒಂದೂ ಬಿಟ್ಟಿಲ್ರಿ" ಎಂದಳು ಮೌಸಿಯೇ. "ನಮ್ಮನ್ನ ಹ್ಯಾಂಗ ತೋರಸ್ತಾರ ಅಂತ ನಾ ನೋಡದಿದ್ರ ಯಾರು ನೋಡ್ಬೇಕು?"

"ಯಾವ ಕಿಟಕಿಯಿಂದ ಟಿಕೆಟ್ ಕೊಡುತ್ತೀರಿ?"

ಮ್ಯಾನೇಜರನ ದವಡೆ ನಿಂತಿತು. "ಗಂಡಸರ ಲೈನಿನ್ಯಾಗ ನಿಂತ್ರ ಗದ್ದಲ ಆಗ್ತದಂತ..."

"ಯಾವ ಕಿಟಕಿ?"

"ಲೇಡೀಸ್."

"ಕೂಡಿಸುವುದೆಲ್ಲಿ?"

ಅವನು ಛಾವಣಿ ನೋಡಿದ. ಮೌಸಿ ಸಹಾಯಕ್ಕೆ ಬಂದಳು. "ಲೇಡೀಸ್ ಕ್ಲಾಸಿನ್ಯಾಗ್ರಿ. ಅಷ್ಟೂ ಬೆಂಚಿಗಿ ನಾ ಒಬ್ಬಾಕಿನೇ. ನವಾಬರ ಬೇಗಂ ಕುಂತಂಗ ಕುಂದರ್ತೀನಿ. ಒಮ್ಮೆ ಒಬ್ಬ ಗಂಡಸು ಬಂದು ಬಾಜೂಕ ಕುಂತಿದ್ದ. ಇವರೇ ಬಂದು ಕಾಲರ್ ಹಿಡದು ಎಬ್ಬಿಸ್ಯಾರ. 'ಲೇಡೀಸ್ ಜಗಾದಾಗ ಬರ್ತಿ ಏನೋ' ಅಂತ ಬೈದಾರ. ಸುಳ್ಳು ಹೇಳಬ್ಯಾಡ ಅಣ್ಣಾ."

ಮ್ಯಾನೇಜರ್ ಪಾನ್ ಉಗುಳಿ ಬಂದ. ಎದ್ದು ಹೋಗಿ ಬರುವ ಹೊತ್ತಿಗೆ ಅವನ ಮುಖದಲ್ಲಿ ಅರ್ಧ ನಗೆಯಿತ್ತು.

"ಹಚ್ರಿ. ಆದ್ರ ಮಕ ಮುಚ್ಚಬ್ಯಾಡ್ರಿ. ಆ ಮಕಕ್ಕೇ ಜನ ಬರಾಕತ್ತಾರ."

ಆಪಾ ಮಾತಿಗೆ ತಪ್ಪುವವಳಲ್ಲ. ಆದರೆ ಪೂರ್ತಿ ಸೋತಂತೆ ತೋರಿಸಿಕೊಳ್ಳುವವಳೂ ಅಲ್ಲ. "ಬಣ್ಣ ಯಾವುದು?" ಎಂದು ಯಾರನ್ನೂ ನೋಡದೆ ಕೇಳಿದಳು. ಮೌಸಿ "ಹಸರ" ಎಂದಳು. ಆಪಾ ಅಂಗಡಿಗೆ ಮರಳಿ, ಗೂಟದ ಮೇಲಿನ ಮೌಸಿಯ ಜಂಪರನ್ನೇ ಇಳಿಸಿ, ಕಾಗದದ ಮೇಲೆ ಹಾಸಿ, ಸುತ್ತಲೂ ಸೀಮೆಸುಣ್ಣ ಎಳೆದು ಕತ್ತರಿಸಿದಳು. ಗೋಡೆಯ ನಟ ಮೌಸಿಗಿಂತ ದುಪ್ಪಟ್ಟು ಅಗಲವಿದ್ದ. ಎದೆ ಮುಚ್ಚಿತು, ಹೊಟ್ಟೆ ಹೊರಗೇ ಉಳಿಯಿತು.

"ಇರ್ಲಿ ಬಿಡ್ರಿ" ಎಂದಳು ಮೌಸಿ. "ಸೀರಿ ಉಟ್ಟ ಪ್ರತಿಯೊಬ್ಬಾಕೀದೂ ಹೊಟ್ಟಿ ಕಾಣ್ತದ. ಟೀಚರ್ ಬಾಯೀದೂ ಕಾಣಾಕತ್ತದ."

ಆ ಗುರುವಾರ ನಾನು ತೊಗರಿಬೇಳೆ ಕೊಳ್ಳುವ ನೆಪದಲ್ಲಿ ಗಂಜಿಗೆ ಹೋದೆ. ಮೌಸಿ ಬಂದಾಗ ಒಬ್ಬ ಗುಮಾಸ್ತ ವಾಡಿಕೆಯಂತೆ ಗೋಡೆ ನೋಡಿದ, ಆಕೆಯನ್ನು ನೋಡಿದ. ಸಿನಿಮಾದ ಮಾತು ಹಸಿರು ಜಂಪರಿಗೆ ಹೊಂದಲಿಲ್ಲವೋ ಏನೋ, ತಡವರಿಸಿ ಬೇರೆಯದನ್ನೇ ಹೇಳಿದ:

"ಮೌಸಿ, ನಿನಗ ಹೊಸ ಜಂಪರ್ ಬಂತಲ್ಲ."

"ನನಗ ಬಂತು. ನಿನ್ನ ಹೆಂಡ್ತಿಗಿ ಯಾವಾಗ ತರ್ತಿ? ನಾಗರಪಂಚಮಿಗೂ ಹಳೇದ ತೊಟ್ಟಿದ್ಳು."

ಹಮಾಲರು ಚೀಲ ಇಳಿಸಿ ನಕ್ಕರು. ಈ ಸಲ ನಗೆ ಗುಮಾಸ್ತನ ಪಾಲಿಗೆ ಬಂದಿತ್ತು.

ಇಷ್ಟಾದರೂ ಮೌಸಿ ನಮ್ಮ ಸಂಘದ ಸದಸ್ಯೆಯಾಗಲಿಲ್ಲ. ಕರೆದರೆ "ನಿಮ್ಮ ಸಂಘದಾಗ ಚಹಾ ತೆಳ್ಳಗ ಇರ್ತದ" ಎನ್ನುತ್ತಿದ್ದಳು. ಆದರೆ ನಮಗೆ ಆಕೆಯಿಂದ ಒಂದು ಅಮೂಲ್ಯ ಸೇವೆ ದೊರೆಯಿತು. ನಾವು ವಿರೋಧಿಸುತ್ತಿದ್ದ ಚಿತ್ರಗಳಲ್ಲಿ ಒಂದನ್ನೂ ನಮ್ಮಲ್ಲಿ ಯಾರೂ ನೋಡಿರಲಿಲ್ಲ. ಮೌಸಿ ಪ್ರತಿಯೊಂದನ್ನೂ ನೋಡಿ ಬಂದು ಆಪಾಳ ಹೊಸ್ತಿಲ ಮೇಲೆ ಕುಳಿತು ಕಥೆ ಹೇಳುತ್ತಿದ್ದಳು. ಸಂಘದ ಹಾಜರಾತಿ ಆ ವರ್ಷಗಳಲ್ಲಿ ಇದ್ದಷ್ಟು ಮುಂದೆಂದೂ ಇರಲಿಲ್ಲ. ಹಿರಿಯಳು ಕಿವಿ ಮುಚ್ಚಿಕೊಂಡು, "ಮುಂದ?" ಎನ್ನುತ್ತಿದ್ದಳು.

ಆಕೆಯ ವರದಿಗಳಿಂದಲೇ ಒಂದು ಬದಲಾವಣೆ ನನ್ನ ಗಮನಕ್ಕೆ ಬಂತು. ಕೇಬಲ್ ಬಂತು, ಬಸ್ ನಿಲ್ದಾಣದ ಹಿಂದೆ ಪರದೆ ಹಾಕಿದ ಸಿ.ಡಿ. ಅಂಗಡಿಗಳು ಬಂದವು. ಮೀಸೆ ಬೋಳಿಸಿದ, ಚಪ್ಪಾಳೆ ತಟ್ಟುವ ಹಾಸ್ಯಪಾತ್ರ ತೆರೆಯಿಂದ ಮರೆಯಾಗತೊಡಗಿತು. ಅದರ ಜಾಗಕ್ಕೆ ಮೋಸಗಾತಿ ಬಂದಳು: ನಾಯಕನನ್ನು ಮರುಳು ಮಾಡುವ ಸುಂದರಿ, ಕೊನೆಗೆ ಹುಟ್ಟಿನಲ್ಲಿ ಗಂಡೆಂಬ ಗುಟ್ಟು ಬಯಲಾಗಿ, ಅವನು ಬಾಯಿ ಒರೆಸಿಕೊಂಡು ಉಗುಳಿ, ಅವಳನ್ನು ನೂಕಿ ಹೋಗುವ ಕಥೆ.

"ಮೊದಲ ನಕ್ಕು ಬಿಡ್ತಿದ್ರು, ಈಗ ಉಗುಳ್ತಾರ" ಎಂದಳು ಮೌಸಿ. "ಬಡ್ತಿ ಆತು ಅನ್ರಿ."

"ಬಡ್ತಿ ಹ್ಯಾಂಗ?" ಎಂದಳು ಆಪಾ.

"ಉಗುಳಬೇಕಾದ್ರ ಮೊದಲ ಮುದ್ದು ಕೊಡಬೇಕಲ್ಲ ಆಪಾ."

ಆಪಾ ಕತ್ತರಿ ಕೆಳಗಿಟ್ಟು ಒಳಗೆ ಹೋದಳು. ಒಳಗಿನಿಂದ ಆಕೆ ನಗುವುದು ಕೇಳುತ್ತಿತ್ತು.

ಹೊಸ ಶತಮಾನ ಬಂದು ಕೆಲವು ವರ್ಷ ಕಳೆದ ಮೇಲೆ, ಒಂದು ಬುಧವಾರ ಗಂಜ್ ಗೋಡೆಯ ಮೇಲೆ ಹೊಸ ಪೋಸ್ಟರ್ ಬಂತು. ಒಬ್ಬಳೇ ಹೆಣ್ಣು. ಬರಿಯ ಬೆನ್ನು ತೋರಿಸಿ ನಿಂತು, ಭುಜದ ಮೇಲಿಂದ ಹಿಂದಿರುಗಿ ನೋಡುತ್ತಿದ್ದಳು. ಮೌಸಿಯಂಥವಳೇ ಆದ ನಟಿ, ಅಂಥವಳದೇ ಪಾತ್ರದಲ್ಲಿ, ನಾಯಕಿಯಾಗಿ ನಟಿಸಿದ್ದಾಳೆಂಬುದನ್ನು ಟಾಕೀಸಿನವರು ದಪ್ಪ ಅಕ್ಷರಗಳಲ್ಲಿ ಬರೆಸಿದ್ದರು. ಆಕೆಯ ಕಣ್ಣುಗಳಲ್ಲಿ ನಗಿಸುವ ಉದ್ದೇಶವಿರಲಿಲ್ಲ. ನಗುವವನು ಯಾರೆಂದು ಕೇಳುವಂತಿದ್ದವು. ಶಾಲೆ ಬಿಟ್ಟ ಮೇಲೆ ನಾನು ಅಂಟಿನ ಬಕೆಟ್ಟು, ಆಪಾ ಕಾಗದದ ಸುರುಳಿ ಹಿಡಿದು ಹೋದೆವು. ಈ ಸಲ ಯಾವ ಚರ್ಚೆಯೂ ಬೇಕಿರಲಿಲ್ಲ. ಹೆಣ್ಣು ಹೆಣ್ಣೇ; ಬೆನ್ನು ಬೆನ್ನೇ. ಸಮಾನತೆ ಕೊನೆಗೂ ಗೋಡೆಯವರೆಗೆ ಬಂದಿತ್ತು.

ಗೋಡೆಗೆ ಅಡ್ಡವಾಗಿ ಮೌಸಿ ನಿಂತಿದ್ದಳು. ಕೂದಲು ಅಲ್ಲಲ್ಲಿ ನೆರೆತಿತ್ತು.

"ಇವತ್ತು ಬ್ಯಾಡ್ರಿ, ಟೀಚರ್ ಬಾಯಿ."

"ಯಾಕ?"

"ನಾಳಿ ಗುರುವಾರ."

ನಾನು ಬಕೆಟ್ಟು ಕೆಳಗಿಟ್ಟು ವಾದ ಆರಂಭಿಸಿದೆ. ಅಂದು ನಗಿಸಲು ಮಾರಿದರು, ಇಂದು ನೋಡಿಸಲು ಮಾರುತ್ತಿದ್ದಾರೆ; ಸರಕು ಬದಲಾಗಿಲ್ಲ, ಕಟ್ಟಿದ ಕಾಗದ ಮಾತ್ರ ಬದಲಾಗಿದೆ; ಹೆಣ್ಣಿಗೆ ಆಗುವ ಅವಮಾನದಲ್ಲಿ ಪಾಲು ಸಿಕ್ಕಿತೆಂಬುದನ್ನು ಗೌರವವೆಂದು ಭಾವಿಸಬಾರದು ಎಂದೆಲ್ಲ ಹೇಳಿದೆ. ಈಗಲೂ ಆ ಮಾತುಗಳು ನನಗೆ ಸರಿಯಾಗಿಯೇ ಕಾಣುತ್ತವೆ. ಮೌಸಿ ಪೂರ್ತಿ ಕೇಳಿದಳು.

"ಖರೇ ಅದ. ನಿಮ್ಮ ಮಾತು ಯಾವತ್ತೂ ಖರೇನೇ ಇರ್ತದ. ಆದ್ರ ಒಂದು ಕೇಳ್ರಿ. ನೀವು ಗಂಜಿಗಿ ಬಂದ್ರ, ಗೋಡಿ ನೋಡಾಂವ ಅಂಜಿ ಮಕ ತಿರುಗಿಸ್ತಾನ. ಆಪಾ ಬಂದ್ರೂ ತಿರುಗಿಸ್ತಾನ. ನಾ ಬಂದ್ರ ಯಾವತ್ತಾದ್ರೂ ತಿರುಗಿಸ್ಯಾನೇನು? ನನ್ನ ಮುಂದ ಯಾರಿಗೂ ನಾಚಿಕಿ ಇಲ್ಲ. ನಾಳಿ ಒಂದಿನ ಆ ಗುಮಾಸ್ತ ಇಕಿನ್ನ ನೋಡ್ಕೋತ ನಿಂತಿರಬೇಕು, ನಾ ಹಿಂದಿನಿಂದ ಹೋಗಬೇಕು. ಅಷ್ಟ. ಆಮ್ಯಾಲ ನಿಮ್ಮ ಜಂಪರ್ ಹಚ್ರಿ, ಶಾಲು ಹೊಚ್ರಿ, ಬುರ್ಖಾ ಹಾಕ್ರಿ."

ಆಪಾ ಕಾಗದದ ಸುರುಳಿಯನ್ನು ಬಗಲಿಗೆ ಹಾಕಿಕೊಂಡಳು. "ಅಂಟು ನಾಳಿಗಿ ಕೆಡಲ್ಲ" ಎಂದಳು. ನನ್ನ ಪಕ್ಷದಲ್ಲಿ ಉಳಿದವಳು ನಾನೊಬ್ಬಳೇ. ಒಬ್ಬಳೇ ಉಳಿದಾಗ ಸಭೆಯನ್ನು ಮುಂದೂಡುವುದು ನಿಯಮ.

ಗುರುವಾರ ಮಧ್ಯಾಹ್ನ ನನಗೆ ಮತ್ತೆ ತೊಗರಿಬೇಳೆ ಬೇಕಾಯಿತು. ಅದೇ ಗುಮಾಸ್ತ, ಈಗ ತಲೆ ಬೋಳಾಗಿ ಸ್ವಂತ ಅಡತ್ ಅಂಗಡಿ ಇಟ್ಟವನು, ಗೋಡೆಯ ಮುಂದೆ ನಿಂತಿದ್ದ. ಅಂಗೈಯಲ್ಲಿ ಮಾದರಿಯ ತೊಗರಿ ಕಾಳು ಹಿಡಿದಿದ್ದ, ಅದನ್ನು ನೋಡುವ ನೆನಪಿರಲಿಲ್ಲ. ಮೌಸಿ ಬಳೆಯ ಸದ್ದಾಗದಂತೆ ಕೈ ಹಿಡಿದುಕೊಂಡು ಅವನ ಬೆನ್ನ ಹಿಂದೆ ಬಂದು ನಿಂತಳು.

"ಏನ್ ನೋಡಾಕತ್ತಿ, ಸಾಹುಕಾರ?"

ಅವನು ತಿರುಗಿದ. ಗೋಡೆ ನೋಡಲಿಲ್ಲ, ಆಕೆಯನ್ನೂ ನೋಡಲಿಲ್ಲ. ತನ್ನ ಅಂಗೈಯ ಕಾಳನ್ನು ನೋಡಿದ. ಕಿವಿಯಿಂದ ಕೊರಳವರೆಗೆ ಕೆಂಪಾದ.

"ಏನಿಲ್ಲ, ಮೌಸಿ. ಗೋಡಿ ಬಿರುಕು ಬಿಟ್ಟದ ಅಂತ..."

"ಹೌದು, ಭಾಳ ಬಿರುಕು. ಛಲೋತ್ನಾಗ ನೋಡು."

ಅವನು ಕಾಳನ್ನು ಕಿಸೆಗೆ ಹಾಕಿಕೊಂಡು, ಸೆರಗು ಹೊದ್ದ ಅತ್ತೆಯೊಬ್ಬಳು ಎದುರಾದಂತೆ ದಾರಿ ಬಿಟ್ಟು ನಿಂತ. ಮೌಸಿ ನಿಧಾನವಾಗಿ ನಡೆದು ಹೋದಳು. ಅಂದು ಚಪ್ಪಾಳೆ ತಟ್ಟಲಿಲ್ಲ.

ಶುಕ್ರವಾರ ಸಂಜೆ ನಾವು ಗೋಡೆಯ ಬಳಿ ಹೋಗುವ ಮೊದಲೇ ಆಕೆ ಬಂದಿದ್ದಳು, ಅಂಟಿನ ಕುಂಚವನ್ನು ತಾನೇ ಇಸಿದುಕೊಂಡಳು. ಆಪಾ ಹಸಿರು ಕಾಗದ ಹಾಸಿ, ಪೋಸ್ಟರಿನವಳ ಭುಜವನ್ನು ಗೇಣಿನಲ್ಲಿ ಅಳೆದು, ಕತ್ತರಿ ಹಿಡಿದು ಕೇಳಿದಳು:

"ಬೆನ್ನು ಎಲ್ಲೀತನ ಮುಚ್ಚಲಿ?"

ಮೌಸಿ ತನ್ನ ಬೆನ್ನಿನ ನಡುವೆ ಕೈ ಹಾಕಿ ತೋರಿಸಿದಳು. "ಇಲ್ಲೀತನ ಖುಲ್ಲಾ ಬಿಡು. ಅಕಿ ಏನ್ ಮುದುಕಿ ಏನು?"

ಸಂಘದ ಪದ್ಧತಿಯಲ್ಲಿ ಅಷ್ಟು ಆಳದ ಕೊರಳಿಗೆ ಅವಕಾಶವಿರಲಿಲ್ಲ. ನಾನು ಅದಕ್ಕಿಂತ ನಾಲ್ಕು ಬೆರಳು ಮೇಲೆ ಎಂದೆ. ಮೌಸಿ ಕುಂಚ ಎತ್ತಿ ಹಿಡಿದು, ಒಂದು ಬೆರಳು ಎಂದಳು. ಹೊತ್ತು ಮುಳುಗುವವರೆಗೆ ಚೌಕಾಸಿ ನಡೆಯಿತು. ಕೊನೆಗೆ ಎರಡು ಬೆರಳಿಗೆ ನಾನು ಒಪ್ಪಿದೆ.